ಜೇವರ್ಗಿ ಚೌಕದಲ್ಲಿ ಯಾರೂ ಅಲ್ಲಾಡಲಿಲ್ಲ

ಎತ್ತುಗಳ ಕಾಲಿಗೆ ಕುದುರೆಯ ಸದ್ದು ಹಾಕಿದ್ದರು. ನನ್ನ ಮೈ ಮೊದಲು ಉರಿದದ್ದು ಅಲ್ಲಿ. ಪರದೆಯ ಮೇಲೆ ಆಳಂದದ ಪೇಟೆ, ತೊಗರಿ ಚೀಲ ಹೇರಿದ ಬಂಡಿ, ತಲೆ ತಗ್ಗಿಸಿ ಹೆಜ್ಜೆ ಹಾಕುವ ಒಂದು ಜೋಡಿ ಎತ್ತು. ಕಿವಿಗೆ ಮಾತ್ರ ಟಾಂಗಾ ಓಡಿದ ಟಕಟಕ. ಹಿಂದಿನಿಂದ ಯಾವನೋ ವ್ಯಾಪಾರಿ "ಬನ್ನಿ ಬನ್ನಿ, ತಗೊಳ್ಳಿ ಸ್ವಾಮಿ" ಎಂದು ಕೂಗುತ್ತಿದ್ದ. ನಾನು ಹುಟ್ಟಿ ಬೆಳೆದದ್ದು ಆಳಂದದಲ್ಲಿ. ಅಲ್ಲಿ ಗಿರಾಕಿಯನ್ನು "ಸ್ವಾಮಿ" ಎಂದು ಕರೆದು ಬದನೆಕಾಯಿ ಮಾರಿದವನನ್ನು ನಾನು ಈ ವಯಸ್ಸಿನವರೆಗೆ ಕಂಡಿಲ್ಲ.

ಆ ಚಿತ್ರ ತೆಗೆದದ್ದು ನನ್ನ ತಂದೆ. ಅದರಲ್ಲಿ ಸದ್ದೇ ಇರಲಿಲ್ಲ. ಅದು ಮೂಕಿ ಚಿತ್ರ.

ಕಾರ್ಯಕ್ರಮ ಜೇವರ್ಗಿಯಲ್ಲಿ. ಹೊಸ ಸಭಾಂಗಣ ತೆರೆಯುವ ದಿನ, ಸಂಜೆ. ನಾನು ಮೊದಲ ಸಾಲಿನಲ್ಲಿ ಕೂತಿದ್ದೆ, ಹೆಗಲ ಮೇಲೆ ಈಗಷ್ಟೇ ಹೊದಿಸಿದ ಶಾಲು, ತೊಡೆಯ ಮೇಲೆ ಹಣ್ಣಿನ ಬುಟ್ಟಿ. ಈ ಊರಿನ ಶಾಲೆಯಲ್ಲಿ ಕನ್ನಡ ಕಲಿಸಿ ನಿವೃತ್ತಳಾದವಳು ನಾನು. ಆ ಸಭೆಯ ಅರ್ಧ ಜನ ನನ್ನ ಕೈಯಲ್ಲಿ ಕಿವಿ ಹಿಂಡಿಸಿಕೊಂಡವರು. ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಎಂಬುದು ಅವರಿಗೆಲ್ಲ ಗೊತ್ತು. ಆದರೂ ಬಾಯಿ ಬಿಗಿ ಹಿಡಿದು ಕೂತೆ. ಎತ್ತು ಹೋದರೆ ಹೋಗಲಿ, ಮುಂದೆ ಜನ ಬರುತ್ತಾರೆ, ಅವರನ್ನಾದರೂ ನೋಡೋಣ ಎಂದುಕೊಂಡೆ.

ಜನ ಬಂದರು. ಓಡುತ್ತ ಬಂದರು. ರುಮಾಲಿನ ಮುದುಕರು, ತಲೆಯ ಮೇಲೆ ಬುಟ್ಟಿ ಹೊತ್ತ ಹೆಂಗಸರು, ಎಲ್ಲರೂ ಬೆನ್ನ ಹಿಂದೆ ನಾಯಿ ಬಿದ್ದವರ ಹಾಗೆ. ಕಪ್ಪುಬಿಳುಪಿನ ಚಿತ್ರಕ್ಕೆ ಬಣ್ಣ ಬಳಿದಿದ್ದರು. ಎಲ್ಲರ ಮುಖವೂ ಗೋಧಿ ಹಿಟ್ಟಿನ ಒಂದೇ ಬಣ್ಣ. ನಮ್ಮ ಬಿಸಿಲಿನಲ್ಲಿ ಬೆಂದ ಕಪ್ಪು ಮುಖ ಒಂದೂ ಉಳಿದಿರಲಿಲ್ಲ. ಆಳಂದ ಮುಗಿದು ಅಫಜಲಪುರ ಬಂದದ್ದು ನನಗೆ ತಿಳಿಯುವ ಮೊದಲೇ ಅಫಜಲಪುರವೂ ಮುಗಿದಿತ್ತು.

ಆಮೇಲೆ ನನ್ನ ತಂದೆ, ನಮ್ಮ ಅಬ್ಬಾ, ಬಂದರು. ಜೇವರ್ಗಿಯ ಚೌಕದಲ್ಲಿ, ಕ್ಯಾಮೆರಾದ ಮುಂದೆ, ಎರಡೂ ಕೈ ಬೀಸುತ್ತ, ಬಾಯಿ ತೆರೆಯುತ್ತ ಮುಚ್ಚುತ್ತ, ಅತ್ತ ನಾಲ್ಕು ಹೆಜ್ಜೆ ಇತ್ತ ನಾಲ್ಕು ಹೆಜ್ಜೆ. ನಾಲ್ಕು ಪಟ್ಟು ವೇಗ. ಹಿಂದೆ ಸರ್ಕಸ್ಸಿನ ಸಂಗೀತ. ಅವರು ತಿರುಗಿದಾಗಲೆಲ್ಲ ಸ್ಪ್ರಿಂಗ್ ಜಿಗಿದ ಸದ್ದು. ಅಷ್ಟು ಸಾಲದೆಂಬಂತೆ ಅದೇ ತುಣುಕನ್ನು ಹಿಂದೆ ಮುಂದೆ, ಹಿಂದೆ ಮುಂದೆ ನಡೆಸಿ ಅವರನ್ನು ಕುಣಿಸಿದ್ದರು. ಸಭೆ ಹೊಟ್ಟೆ ಹಿಡಿದುಕೊಂಡು ನಕ್ಕಿತು. ನನ್ನ ಪಕ್ಕದಲ್ಲಿ ಕೂತಿದ್ದ ಅಧಿಕಾರಿಗಳು ಕಣ್ಣೊರೆಸಿಕೊಳ್ಳುತ್ತ ನನ್ನ ಕಡೆ ಬಾಗಿ, "ಯಾರ್ರಿ ಇವರು, ಭಾರಿ ಕಾಮಿಡಿ ಆ್ಯಕ್ಟರ್ ಇದ್ದಂಗ ಅದಾರ" ಎಂದರು.

ಎದ್ದು ನಿಂತೆ. "ನಿಲ್ಲಿಸ್ರಿ ಅದನ್ನ!" ಎಂದು ಕೂಗಿದೆ. ಬುಟ್ಟಿಯ ಸೇಬು ನೆಲಕ್ಕೆ ಬಿದ್ದು ಉರುಳಿದವು. ವೇದಿಕೆಯ ಮೇಲಿದ್ದ ನಿರೂಪಕ ಮೈಕಿನಲ್ಲಿ, "ತಂದೆಯೋರನ್ನ ನೋಡಿ ಮೇಡಮ್ಮೋರು ಭಾವುಕರಾಗ್ಯಾರ, ಜೋರಾಗಿ ಒಂದು ಚಪ್ಪಾಳಿ ಬರಲಿ" ಎಂದ. ಚಪ್ಪಾಳೆ ಬಂತು. ನಾನು ಇನ್ನೊಮ್ಮೆ ಕೂಗಿದೆ. ಚಪ್ಪಾಳೆ ಇನ್ನೂ ಜೋರಾಯಿತು. ಶಾಲನ್ನು ಕುರ್ಚಿಯ ಮೇಲೆ ಒಗೆದು ಹೊರಗೆ ಬಂದೆ. ಅದಕ್ಕೂ ಚಪ್ಪಾಳೆ ತಟ್ಟಿದರೋ ಏನೋ, ನನಗೆ ಗೊತ್ತಿಲ್ಲ.

ನನ್ನ ತಂದೆಗೆ ಆಳಂದದಲ್ಲಿ ಫೋಟೋ ಅಂಗಡಿ ಇತ್ತು. ಸುತ್ತಲಿನ ಮೂರು ತಾಲೂಕಿಗೆ ಅವರು "ಫೋಟೋ ಸಾಹೇಬ್ರು". ಮಾದನಹಿಪ್ಪರಗಾದಿಂದ ಬಸ್ಸು ಹತ್ತಿ ಬಂದು ಹೆಣ್ಣುಮಕ್ಕಳ ಫೋಟೋ ತೆಗೆಸಿಕೊಂಡು ಹೋಗುತ್ತಿದ್ದರು, ಗಂಡಿನ ಮನೆಗೆ ಕಳಿಸಲಿಕ್ಕೆ. ಅಫಜಲಪುರದ ಶಾಲೆಗಳ ಗುಂಪು ಫೋಟೋ, ಜೇವರ್ಗಿಯ ಮದುವೆಗಳು, ಎಲ್ಲಕ್ಕೂ ಅಬ್ಬಾನೇ ಹೋಗಬೇಕು. ಮೂರು ಕಾಲಿನ ಸ್ಟ್ಯಾಂಡು, ಕರಿ ಬಟ್ಟೆ, ಪೆಟ್ಟಿಗೆ ಕ್ಯಾಮೆರಾ ಬಸ್ಸಿನ ಮೇಲೆ ಏರಿಸಿ, ಅವು ಇಳಿಯುವವರೆಗೆ ಕಿಟಕಿಯಿಂದ ಕತ್ತು ಹೊರಗೆ ಹಾಕಿಯೇ ಕೂರುತ್ತಿದ್ದರು.

ಅಂಗಡಿಯಲ್ಲಿ ಕರೆಂಟು ಇದ್ದರೆ ಇತ್ತು, ಇಲ್ಲದಿದ್ದರೆ ಇಲ್ಲ. ಮಾಳಿಗೆಯ ಬೆಳಕಿಂಡಿಯಿಂದ ಬಿದ್ದ ಬಿಸಿಲೇ ದೀಪ. ಅಷ್ಟು ಬೆಳಕಿನಲ್ಲಿ ಚಿತ್ರ ಮೂಡಬೇಕಾದರೆ ಮೂರು ಎಣಿಸುವಷ್ಟು ಹೊತ್ತು ಕ್ಯಾಮೆರಾದ ಮುಚ್ಚಳ ತೆರೆದಿರಬೇಕು. ಅಷ್ಟರಲ್ಲಿ ಯಾರಾದರೂ ತಲೆ ಅಲ್ಲಾಡಿಸಿದರೆ ಫೋಟೋದಲ್ಲಿ ಅವರಿಗೆ ಎರಡು ಮೂಗು. ಹಾಗಾಗಿ ಅಬ್ಬಾ ಬದುಕಿನಲ್ಲಿ ಅತಿ ಹೆಚ್ಚು ಸಲ ಆಡಿದ ಮಾತು ಒಂದೇ. ಕನ್ನಡದವರಿಗೆ "ಅಲ್ಲಾಡಬ್ಯಾಡ್ರಿ, ಉಸುರು ಹಿಡೀರಿ". ದಖನಿ ಆಡುವ ನಮ್ಮವರಿಗೆ "ಹಿಲೋ ನಕ್ಕೋ". ಒಂದು, ಎರಡು, ಮೂರು, ಆಯಿತು. ಅಜ್ಜನಿಂದ ಮೊಮ್ಮಕ್ಕಳವರೆಗೆ ಮೂರು ತಾಲೂಕಿನ ಜನ ಅವರ ಮುಂದೆ ಉಸಿರು ಹಿಡಿದು ನಿಂತಿದ್ದಾರೆ. ಅಬ್ಬಾ ಬೀದಿಯಲ್ಲಿ ಬರಿಗೈಯಲ್ಲಿ ಹೋಗುತ್ತಿದ್ದರೂ ಕೆಲವರು ಬೆನ್ನು ನೆಟ್ಟಗೆ ಮಾಡಿಕೊಳ್ಳುತ್ತಿದ್ದರು.

ಇಂಥ ಮನುಷ್ಯನಿಗೆ ಚಲನಚಿತ್ರದ ಹುಚ್ಚು ಹಿಡಿದದ್ದಕ್ಕೆ ಅವರ ಉಸ್ತಾದರು ಕಾರಣ. ಅಬ್ಬಾ ಕೆಲಸ ಕಲಿತದ್ದು ಹೈದರಾಬಾದಿನಲ್ಲಿ. ಅಲ್ಲಿ ಅವರ ಉಸ್ತಾದರ ಹತ್ತಿರ ಯಾವುದೋ ದೂರದೇಶದ ಹಳೆಯ ಮೂಕಿ ಚಿತ್ರಗಳ ನಾಲ್ಕಾರು ಸುರುಳಿ ಇದ್ದವಂತೆ. ಅವುಗಳಲ್ಲಿ ಕಥೆ ಇಲ್ಲ, ಹಾಡಿಲ್ಲ, ಹೊಡೆದಾಟ ಇಲ್ಲ. ಒಂದು ನಗರ, ಅದರ ಒಂದು ದಿನ. ಸೇತುವೆಯ ಮೇಲೆ ಜನ ಹೋಗುತ್ತಾರೆ, ಟ್ರಾಮ್ ಬಂದು ನಿಲ್ಲುತ್ತದೆ, ಹೆಂಗಸೊಬ್ಬಳು ಅಂಗಡಿಯ ಮೆಟ್ಟಿಲು ತೊಳೆಯುತ್ತಾಳೆ. ಅಷ್ಟೇ. ಅದನ್ನು ಹೇಳುವಾಗ ಅಬ್ಬಾನ ಮುಖ ಅರಳುತ್ತಿತ್ತು. "ಸಿರ್ಫ್ ಚಲ್ರೇ ಥೇ ಬೇಟಿ" ಎನ್ನುತ್ತಿದ್ದರು, ಸುಮ್ಮನೆ ನಡೆಯುತ್ತಿದ್ದರು ಮಗಳೇ. ಸತ್ತು ಮಣ್ಣಾದ ಆ ಜನ ಇವತ್ತಿಗೂ ಸೇತುವೆಯ ಮೇಲೆ ನಡೆಯುತ್ತಿದ್ದಾರಲ್ಲ, ನಮ್ಮ ಆಳಂದದವರು ಯಾಕೆ ನಡೆಯಬಾರದು ಎಂಬುದು ಅವರ ಪ್ರಶ್ನೆ. ನ್ಯಾಯವಾದ ಪ್ರಶ್ನೆ ಎಂದು ನನಗೆ ಈಗಲೂ ಅನಿಸುತ್ತದೆ.

ಸೊಲ್ಲಾಪುರದ ಸ್ನೇಹಿತರೊಬ್ಬರಿಂದ ಒಂದು ಸಣ್ಣ ಸಿನೆಮಾ ಕ್ಯಾಮೆರಾವನ್ನೂ ಅದರ ಪ್ರೊಜೆಕ್ಟರನ್ನೂ ಕೈಗಡ ತಂದರು. ಸೆಲ್ ಹಾಕಿ ನಡೆಸುವ ಕ್ಯಾಮೆರಾ, ಧ್ವನಿ ಹಿಡಿಯುವುದಿಲ್ಲ. ಮೂರು ಸುರುಳಿ ತಂದಿದ್ದರು, ಒಂದೊಂದು ಮೂರು ನಿಮಿಷಕ್ಕಿಂತ ಸ್ವಲ್ಪ ಹೆಚ್ಚು. ಆಳಂದಕ್ಕೊಂದು, ಅಫಜಲಪುರಕ್ಕೊಂದು, ಜೇವರ್ಗಿಗೊಂದು.

ಆದದ್ದೇನು ಎಂದರೆ, ಅಬ್ಬಾ ಆಳಂದದ ಪೇಟೆಯಲ್ಲಿ ಸ್ಟ್ಯಾಂಡ್ ಊರಿದ್ದೇ ತಡ, ಪೇಟೆ ನಿಂತುಬಿಟ್ಟಿತು. "ಫೋಟೋ ಸಾಹೇಬ್ರು ಬಂದಾರ!" ತೂಗುತ್ತಿದ್ದವನು ತಕ್ಕಡಿ ಹಿಡಿದೇ ನಿಂತ. ಹೆಂಗಸರು ಸೆರಗು ಸರಿಮಾಡಿಕೊಂಡು ನಿಂತರು. ಬಂಡಿಯವನು ಕ್ಯಾಮೆರಾ ಕಾಣುವ ಮೊದಲು ನಾಲ್ಕು ಹೆಜ್ಜೆ ಬಂದ, ಕಂಡ ಮೇಲೆ ಎತ್ತುಗಳ ಹಗ್ಗ ಜಗ್ಗಿ ಅವನೂ ನಿಂತ. ಅಬ್ಬಾ ಕೈಮುಗಿದರು: "ನಡೀರಿ, ಅಲ್ಲಾಡ್ರಿ, ನಿಮ್ಮ ಕೆಲಸ ನೀವು ಮಾಡ್ರಿ." ಜನ ತುಟಿ ಅಲ್ಲಾಡಿಸದೆ ಹೇಳಿದರಂತೆ: "ಮೊದಲು ನೀವು ತೆಗೀರಿ ಸಾಹೇಬ್ರ, ಆಮ್ಯಾಲ ನಡೀತೀವಿ." ಅಲ್ಲಾಡಬೇಡಿ ಎಂದು ಇಪ್ಪತ್ತು ವರ್ಷ ಹೇಳಿಕೊಟ್ಟ ಮೇಷ್ಟ್ರು ಈಗ ಅಲ್ಲಾಡಿ ಎಂದರೆ ಯಾರು ನಂಬುತ್ತಾರೆ? ಸಾಹೇಬರು ತಮಾಷೆ ಮಾಡುತ್ತಿದ್ದಾರೆ, ನಗಿಸಿ ಫೋಟೋ ಕೆಡಿಸಿದರೆ ಎರಡು ಮೂಗು ಬರುತ್ತದೆ ಎಂದು ಇನ್ನೂ ಬಿಗಿಯಾಗಿ ನಿಂತರು.

ಅಫಜಲಪುರದ ಬಸ್ ನಿಲ್ದಾಣದಲ್ಲೂ ಅದೇ. ಬಸ್ಸಿನ ಕಿಟಕಿಗೊಂದು ತಲೆ, ಒಂದೂ ಮಿಸುಕಲಿಲ್ಲ. ಕಂಡಕ್ಟರನ ಕೈ ಗಂಟೆಯ ಹಗ್ಗದ ಮೇಲೆ ಇದ್ದದ್ದು ಇದ್ದ ಹಾಗೇ. ಆ ದಿನ ಆ ಬಸ್ಸು ತಡವಾಗಿ ಹೊರಟಿತು, ಅದಕ್ಕೆ ತನ್ನ ಗಂಡನೇ ಕಾರಣ ಎಂದು ಅಮ್ಮಿ ಬಹಳ ದಿನ ಆಡಿಕೊಂಡು ನಗುತ್ತಿದ್ದಳು.

ಸುರುಳಿಗಳನ್ನು ತೊಳೆದು ಚಿತ್ರ ಮೂಡಿಸಲಿಕ್ಕೆ ಮುಂಬಯಿಗೆ ಅಂಚೆಯಲ್ಲಿ ಕಳಿಸಬೇಕಿತ್ತು. ತಿಂಗಳು ಕಳೆದು ಬಂದವು. ಒಂದು ಶುಕ್ರವಾರ ನಮಾಜು ಮುಗಿದ ಮೇಲೆ ಅಂಗಡಿಯ ಬಾಗಿಲು ಹಾಕಿ, ಬೆಳಕಿಂಡಿಗೆ ಗೋಣಿಚೀಲ ಮುಚ್ಚಿ, ಗೋಡೆಗೆ ಬಿಳಿ ಚಾದರ ಕಟ್ಟಿ ಅಬ್ಬಾ ಎಲ್ಲರನ್ನೂ ಕರೆದರು. ನಮ್ಮ ಮನೆಯವರು, ಪಕ್ಕದ ಕಿರಾಣಿ ಅಂಗಡಿಯ ಶರಣರು, ಅವರ ಮನೆಯವರು, ಇನ್ನಿಷ್ಟು ಪೇಟೆಯವರು. ಎಲ್ಲರಿಗೂ ಸಿನೆಮಾ ನೋಡುವ ಆಸೆ. ಆಳಂದದ ಸುರುಳಿ ಓಡಿತು: ಜನ ನಿಂತಿದ್ದಾರೆ. ಅಫಜಲಪುರ ಓಡಿತು: ಜನ ನಿಂತಿದ್ದಾರೆ. ಕಿರಾಣಿ ಅಂಗಡಿಯ ಶರಣರು ಮೆಲ್ಲಗೆ, "ಸಾಹೇಬ್ರ, ಇದು ಸಿನೆಮಾ ಯಾವಾಗ ಚಾಲೂ ಆಗ್ತದ್ರಿ?" ಎಂದರು. ಯಾರೂ ನಗಲಿಲ್ಲ, ಅಬ್ಬಾನ ಮರ್ಯಾದೆಗೆ.

ಜೇವರ್ಗಿ ಬಂತು. ಅಲ್ಲಿಯೂ ಚೌಕದ ತುಂಬ ಜನ ನಿಂತಿದ್ದಾರೆ. ಅಷ್ಟರಲ್ಲಿ ಅಬ್ಬಾನೇ ಚಿತ್ರದೊಳಗೆ ಬಂದರು. ಕ್ಯಾಮೆರಾ ತಾನಾಗಿ ನಡೆಯುವಂತೆ ಗುಂಡಿ ಸಿಕ್ಕಿಸಿಟ್ಟು, ಹೀಗೆ ನಡೀರಿ ಎಂದು ತೋರಿಸಲಿಕ್ಕೆ ಮುಂದೆ ಹೋಗಿ, ಕೈ ಬೀಸಿ ಬೀಸಿ ಅತ್ತಿತ್ತ ನಡೆದರು. ಬೇಡಿಕೊಂಡರು. ಸದ್ದಿಲ್ಲ, ಬರೀ ಬಾಯಿ ಆಡುತ್ತದೆ. ಅವರ ಹಿಂದೆ ಜೇವರ್ಗಿಗೆ ಜೇವರ್ಗಿಯೇ ಕಂಬದ ಹಾಗೆ ನಿಂತಿದೆ.

ನಾನು ನಕ್ಕೆ. ಹದಿಮೂರು ವರ್ಷದವಳು, ಎಲ್ಲರಿಗಿಂತ ಮೊದಲು, ಜೋರಾಗಿ ನಕ್ಕೆ. ಕಾಯುತ್ತಿದ್ದವರ ಹಾಗೆ ಉಳಿದವರೂ ನಕ್ಕರು. ಅಬ್ಬಾ ಪ್ರೊಜೆಕ್ಟರಿನ ಸ್ವಿಚ್ಚು ಆರಿಸಿದರು. ಸಿಟ್ಟಿಲ್ಲ, ಬೈಗುಳವಿಲ್ಲ. ಎದ್ದು ಬೆಳಕಿಂಡಿಯ ಗೋಣಿ ತೆಗೆದರು, ಬಂದವರಿಗೆ ಚಹಾ ಕೊಡಿಸಿದರು. ಮುಂದಿನ ವಾರ ಕ್ಯಾಮೆರಾ, ಪ್ರೊಜೆಕ್ಟರು ಎರಡೂ ಸೊಲ್ಲಾಪುರಕ್ಕೆ ವಾಪಸ್ಸು ಹೋದವು. ಆಮೇಲೆ ಅಬ್ಬಾ ಇಪ್ಪತ್ತೈದು ವರ್ಷ ಬದುಕಿದರು; ಆ ಚಿತ್ರದ ಮಾತನ್ನು ಒಮ್ಮೆಯೂ ಎತ್ತಲಿಲ್ಲ. ನಾನೂ ಎತ್ತಲಿಲ್ಲ. ಕ್ಷಮೆ ಕೇಳಬೇಕು ಎಂದು ಎಷ್ಟೋ ಸಲ ಅನಿಸಿ, ಮರೆತಿರುವುದನ್ನು ಯಾಕೆ ಕೆದಕಲಿ ಎಂದು ಸುಮ್ಮನಾದೆ. ಅವರು ಮರೆತಿರಲಿಲ್ಲ. ಅವರು ಹೋದ ಮೇಲೆ ಟ್ರಂಕಿನಲ್ಲಿ ಆ ಮೂರು ಸುರುಳಿ ಸಿಕ್ಕವು. ಮೆತ್ತನೆಯ ಬಟ್ಟೆ ಸುತ್ತಿ, ನುಸಿಗುಳಿಗೆ ಹಾಕಿ ಇಟ್ಟಿದ್ದರು. ನನ್ನ ಹತ್ತಿರ ಪ್ರೊಜೆಕ್ಟರ್ ಇರಲಿಲ್ಲ. ಕಿಟಕಿಯ ಬೆಳಕಿಗೆ ಹಿಡಿದು ನೋಡಿದರೆ ಉಗುರಿನಷ್ಟೂ ಅಗಲವಿಲ್ಲದ ಚೌಕಗಳು, ಒಂದರ ಕೆಳಗೆ ಒಂದು, ಎಲ್ಲದರಲ್ಲೂ ನಿಂತ ಜನ.

ಹೋದ ವರ್ಷ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದ. ಈಗ ಊರಿನ ದೊಡ್ಡ ಮನುಷ್ಯ, ಸಭಾಂಗಣದ ಸಮಿತಿಯಲ್ಲಿ ಮುಂದಾಳು. "ಮೇಡಮ್ಮೋರ, ನಿಮ್ಮ ತಂದೆಯೋರು ತೆಗೆದ ಹಳೀ ಸಿನೆಮಾ ಅದಾವಂತಲ್ರಿ? ಅದನ್ನ ಕಂಪ್ಯೂಟರಿಗೆ ಹಾಕಿಸಿ ಮಂದಿಗೆ ತೋರಸ್ತೀವ್ರಿ" ಎಂದ. ನಾನು ಕುಣಿದುಬಿಟ್ಟೆ. ಬಾಯಿ ಬಿಟ್ಟು ಹೇಳದಿದ್ದರೂ ನನ್ನ ಲೆಕ್ಕ ಬೇರೆಯೇ ಇತ್ತು. ಅಬ್ಬಾನ ಚಿತ್ರ ಒಂದು ಸಲ, ಒಂದೇ ಒಂದು ಸಲ, ನಗುವವರಿಲ್ಲದ ಸಭೆಯಲ್ಲಿ ಮೊದಲಿನಿಂದ ಕೊನೆಯವರೆಗೆ ಓಡಬೇಕು. ಅದಾದರೆ ನಾನು ನಕ್ಕದ್ದು ತೀರುತ್ತದೆ. "ಹೆಂಗದನೋ ಹಂಗ ತೋರಸ್ಬೇಕು, ನೋಡಪಾ" ಎಂದೆ. "ಹೌದ್ರಿ ಹೌದ್ರಿ" ಎಂದ. "ಹೌದ್ರಿ"ಯನ್ನು ಎರಡು ಸಲ ಹೇಳಿದವನನ್ನು ನಂಬಬಾರದು ಎಂದು ಇಷ್ಟು ವರ್ಷ ಮಕ್ಕಳಿಗೆ ಪಾಠ ಹೇಳಿದ ನನಗೆ ತಿಳಿಯಬೇಡವೇ?

ಸಭೆಯಿಂದ ಮನೆಗೆ ಬಂದರೆ ಆಗಲೇ ಆ ತುಣುಕು ನನ್ನ ಫೋನಿಗೆ ಬಂದು ಕೂತಿತ್ತು. ಏಳು ಕಡೆಯಿಂದ. ಅಳುವಷ್ಟು ನಗುವ ಹಳದಿ ಮುಖಗಳ ಸಾಲು ಅದರ ಕೆಳಗೆ. ಹಳೆಯ ಸಹೋದ್ಯೋಗಿಯೊಬ್ಬಳು "ನಿಮ್ಮ ಡ್ಯಾಡಿ ಸೂಪರ್" ಎಂದು ಬರೆದಿದ್ದಳು. ಡ್ಯಾಡಿಯಂತೆ! ಫೋನಿನಲ್ಲೇ ಬೇರೆ ಬೇರೆ ದೇಶದ ಹಳೆಯ ಮೂಕಿ ಚಿತ್ರಗಳನ್ನು ಹುಡುಕಿದೆ. ಸಿಕ್ಕವುಗಳಲ್ಲಿ ಬಹಳಷ್ಟಕ್ಕೆ ಹೀಗೇ ಬಣ್ಣ ಮೆತ್ತಿ, ಯಾರದೋ ಕಾಲಸಪ್ಪಳ ಅಂಟಿಸಿದ್ದಾರೆ. ಸತ್ತವರ ಬಾಯಿಗೆ ಮಾತು ತುರುಕುವ ಈ ಉಪಕಾರ ಇವರಿಗೆ ಯಾರು ಒಪ್ಪಿಸಿದರು? ಸದ್ದಿಲ್ಲದ್ದು ಆ ಚಿತ್ರದ ಕುಂದಲ್ಲ. ಸದ್ದಿಲ್ಲದ್ದಕ್ಕೇ ನಾವು ಅವರ ಕೈ ನೋಡುತ್ತೇವೆ, ಕಾಲು ನೋಡುತ್ತೇವೆ, ಅವರು ಯಾರ ಕಡೆ ತಿರುಗಿದರು ಎಂದು ನೋಡುತ್ತೇವೆ. ಇನ್ನೂ ಒಂದು ವಿಷಯ ಆವತ್ತು ನನ್ನ ಕಣ್ಣಿಗೆ ಬಿತ್ತು. ಅಷ್ಟು ದೊಡ್ಡ ದೊಡ್ಡ ನಗರಗಳಲ್ಲೂ ಯಾರೋ ಒಬ್ಬ ಮಾತ್ರ ಎಲ್ಲರ ನಡುವೆ ನಿಂತು ಕ್ಯಾಮೆರಾದ ಕಡೆ ನೋಡುತ್ತಿರುತ್ತಾನೆ. ನಡೆಯುವ ಸಾವಿರ ಜನರಲ್ಲಿ ನನಗೆ ನೆನಪುಳಿದದ್ದು ಅವನೇ. ನಮ್ಮೂರಿನಲ್ಲಿ ಎಲ್ಲರೂ ಅವನಾಗಿದ್ದರು, ಅಷ್ಟೇ.

ಮರುದಿನ ಬೆಳಿಗ್ಗೆ ಹತ್ತಕ್ಕೆ ಅಬ್ಬಾನ ಚಿತ್ರ ಹೀಗೆ ಜೋಡಿಸಿದ ಅಂಗಡಿಗೆ ಹೋದೆ. ವಿಜಯಪುರ ರಸ್ತೆಗೆ ಮುಖ ಮಾಡಿದ ಸಣ್ಣ ಕೋಣೆ, ಮದುವೆ ವಿಡಿಯೋ ಮಿಕ್ಸಿಂಗ್ ಮಾಡುವ ಜಾಗ. ಲಾರಿಗಳು ಹಾದಾಗಲೆಲ್ಲ ಗಾಜಿನ ಬಾಗಿಲು ನಡುಗುತ್ತದೆ. ಮೂವತ್ತರ ಆಸುಪಾಸಿನ ಅದರ ಮಾಲೀಕ ಎದ್ದು ನಿಂತು ಕುರ್ಚಿ ಕೊಟ್ಟ. ನಾನು ಕೂರಲಿಲ್ಲ.

"ಯಾರನ್ನ ಕೇಳಿ ನಮ್ಮ ತಂದೆಯೋರನ್ನ ಹಂಗ ಕುಣಿಸಿದಿ?"

ಅವನು ತಬ್ಬಿಬ್ಬಾದ. "ಮೇಡಂ, ನೀವು ಖುಷಿ ಆಗೀರಿ ಅಂತ ಹೇಳಿದ್ರಲ್ರಿ..."

"ಯಾರು ಹೇಳಿದ್ರು?"

"ಸಮಿತಿಯವರ್ರಿ."

ಅವನು ಫೋನು ಮಾಡಿದ. ಹತ್ತು ನಿಮಿಷದಲ್ಲಿ ನನ್ನ ಹಳೆಯ ವಿದ್ಯಾರ್ಥಿ ಬಂದ, ಹಿಂದೆಯೇ ಚಹಾನೂ ಬಂತು. "ಮೇಡಮ್ಮೋರ, ಸಿಟ್ಟಾಗಬ್ಯಾಡ್ರಿ. ಮಂದಿ ಎಷ್ಟ್ ಖುಷಿ ಆದ್ರು ನೋಡಿದ್ರಿಲ್ಲೋ? ನಿಮ್ಮ ತಂದೆಯೋರು ಈಗ ಫೇಮಸ್ ಆಗ್ಯಾರ."

"ನಿಮ್ಮಪ್ಪನ್ನ ಹಿಂಗ ಕುಣಿಸಿ ಫೇಮಸ್ ಮಾಡ್ಲೇನು?" ಎಂದೆ. "ನೀ ಹೇಳಪಾ. ನಿಮ್ಮ ಮನ್ಯಾಗ ಗ್ವಾಡಿಗಿ ನಿಮ್ಮಪ್ಪ ನಿಮ್ಮವ್ವಂದು ಮದುವಿ ಫೋಟೋ ಅದಲ್ಲ, ಅದನ್ನ ಯಾರು ತೆಗೆದದ್ದು?"

ಅವನು ಚಹಾದ ಲೋಟ ಕೆಳಗಿಟ್ಟ. "ನಿಮ್ಮ ತಂದೆಯೋರೇ ರೀ."

"ಆ ಫೋಟೋಕ್ಕ ಸ್ಪ್ರಿಂಗಿನ ಸಪ್ಪಳ ಹಾಕ್ಲೇನು?"

ಅಂಗಡಿಯ ಮಾಲೀಕ ತನ್ನ ಮೇಲೆ ಬಂದದ್ದಕ್ಕೆ ಜವಾಬು ಕೊಡಲೇಬೇಕು ಎಂಬಂತೆ ಹೇಳಿದ: "ಮೇಡಂ, ತಪ್ಪು ತಿಳ್ಕೋಬ್ಯಾಡ್ರಿ. ಹತ್ತು ನಿಮಿಷದಾಗ ಎಂಟು ನಿಮಿಷ ಮಂದಿ ಸುಮ್ನ ನಿಂತಾರ. ನಾವು ಅದಕ್ಕ ಡೆಡ್ ಶಾಟ್ ಅಂತೀವಿ. ಯಾರು ನೋಡ್ತಾರ್ರಿ? ಅಲ್ಲಾಡಿದ್ದಿಷ್ಟೇ ಆರಿಸಿ ತಗೊಂಡೆ. ಮಂದಿ ಬಂದು ನಿಲ್ಲೋತನಕ ಹಾಕಿದ ನಾಲ್ಕ್ ಹೆಜ್ಜಿ ಬಿಟ್ರ, ಅಲ್ಲಾಡಿದ್ದು ನಿಮ್ಮ ತಂದೆಯೋರು ಒಬ್ರೇ."

"ಉಳಿದದ್ದು ಎಲ್ಲಿ?"

"ಇಲ್ಲೇ ಅದರಿ. ಒಂದೂ ಅಳಿಸಿಲ್ಲ."

ಆಗ ಕುರ್ಚಿ ಎಳೆದುಕೊಂಡು ಕೂತೆ. ತೋರಿಸು ಎಂದೆ. ಬಣ್ಣ ಬೇಡ, ಸದ್ದು ಬೇಡ, ಇದ್ದ ವೇಗದಲ್ಲಿ, ಮೊದಲಿನಿಂದ. ಹಳೆಯ ವಿದ್ಯಾರ್ಥಿ ಗಡಿಯಾರ ನೋಡಿಕೊಂಡ. "ನೀನೂ ಕೂಡು" ಎಂದೆ. ಕೂತ.

ಆಳಂದ ಬಂತು. ಬಂಡಿ ನಾಲ್ಕು ಹೆಜ್ಜೆ ಬಂದು ನಿಂತಿತು. ಪೇಟೆ ನಿಂತಿತು. ಹದಿಮೂರರಲ್ಲಿ ನನಗೆ ಕಾಣದ್ದೆಲ್ಲ ಈಗ ಕಂಡಿತು. ಫೋಟೋದಲ್ಲಿ ನಿಲ್ಲುವುದು ಬೇರೆ, ಹೀಗೆ ನಿಲ್ಲುವುದು ಬೇರೆ. ಇಲ್ಲಿ ಉಸಿರು ಹಿಡಿದದ್ದು ಕಾಣುತ್ತದೆ, ಹಿಡಿಯಲಾಗದೆ ಬಿಟ್ಟದ್ದೂ ಕಾಣುತ್ತದೆ. ತಕ್ಕಡಿ ಹಿಡಿದವನ ಕೈ ಮೆಲ್ಲಗೆ ಇಳಿಯುತ್ತ ಹೋಗುತ್ತದೆ, ಅವನು ಅದನ್ನು ಮೆಲ್ಲಗೆ ಮತ್ತೆ ಎತ್ತುತ್ತಾನೆ. ಹೆಂಗಸೊಬ್ಬಳ ಮೂಗಿನ ಮೇಲೆ ನೊಣ ಕೂತಿದೆ, ಅವಳು ಓಡಿಸುವುದಿಲ್ಲ. ಎತ್ತುಗಳಿಗೆ ಯಾರೂ ಹೇಳಿಕೊಟ್ಟಿಲ್ಲ, ಅವು ಬಾಲ ಬೀಸುತ್ತಲೇ ಇವೆ. ಅಫಜಲಪುರದ ಬಸ್ಸಿನ ಕಿಟಕಿಗಳಲ್ಲಿ ಅಷ್ಟೂ ಮುಖ ಗಂಭೀರ, ಒಂದು ಕೂಸು ಮಾತ್ರ ಬಾಯಿಬಿಟ್ಟು ಅಳುತ್ತಿದೆ, ಅದರ ತಾಯಿ ಕಣ್ಣು ಕ್ಯಾಮೆರಾದಿಂದ ತೆಗೆಯದೆಯೇ ಅದರ ಬೆನ್ನು ತಟ್ಟುತ್ತಿದ್ದಾಳೆ. ಎಷ್ಟು ಮರ್ಯಾದೆಯಿಂದ ನಿಂತಿದ್ದರು ಈ ಜನ! ಸಾಹೇಬರ ಚಿತ್ರ ಕೆಡಬಾರದು ಎಂದು ಇಷ್ಟು ಕಷ್ಟಪಟ್ಟವರನ್ನು ಡೆಡ್ ಶಾಟ್ ಎಂದು ಕತ್ತರಿಸಿ ಒಗೆದಿದ್ದಾನೆ ಈ ಪುಣ್ಯಾತ್ಮ ಎಂದು ನನಗೆ ಮತ್ತೆ ಸಿಟ್ಟು ನೆತ್ತಿಗೇರಿತು. ಪಕ್ಕಕ್ಕೆ ತಿರುಗಿ ನೋಡಿದೆ. ಅಂಗಡಿಯವನೂ ಪರದೆಯನ್ನೇ ನೋಡುತ್ತಿದ್ದ. ಬಹುಶಃ ಅವನೂ ಇದನ್ನು ಇದ್ದ ವೇಗದಲ್ಲಿ ಮೊದಲ ಸಲ ನೋಡುತ್ತಿದ್ದ.

ಜೇವರ್ಗಿ. ಕ್ಷೌರಿಕನ ಕತ್ತಿ ಗಿರಾಕಿಯ ಕೆನ್ನೆಯ ಹತ್ತಿರ ನಿಂತಿದೆ, ಗಿರಾಕಿಯ ಅರ್ಧ ಮುಖಕ್ಕೆ ಸಾಬೂನಿನ ನೊರೆ. ಹೋಟೆಲಿನವನು ಬಸಿಯಲ್ಲಿ ಚಹಾ ಹಿಡಿದು ನಿಂತಿದ್ದಾನೆ. ಹಣೆಯ ತುಂಬ ವಿಭೂತಿ ಧರಿಸಿದ ಮುದುಕರೊಬ್ಬರು ಜೋಳದ ಚೀಲ ಹೆಗಲ ಮೇಲೇ ಇಟ್ಟುಕೊಂಡು ನಿಂತಿದ್ದಾರೆ.

"ಇವರು ಕೊಳಕೂರಿನವರ್ರಿ" ಎಂದ ನನ್ನ ಹಳೆಯ ವಿದ್ಯಾರ್ಥಿ ಇದ್ದಕ್ಕಿದ್ದಂತೆ. "ನಮ್ಮ ಮುತ್ಯಾನ ಗೆಳ್ಯಾರು. ನಾ ಸಣ್ಣಾವಿದ್ದಾಗ ನಮ್ಮ ಮನಿಗಿ ಬರ್ತಿದ್ರು." ಅವನ ದನಿ ನಿನ್ನೆಯ ಹಾಗಿರಲಿಲ್ಲ.

ಅಬ್ಬಾ ಬಂದರು. ನಿಧಾನಕ್ಕೆ ಬಂದರು, ಸ್ವಲ್ಪ ಕುಂಟುತ್ತ. ಅವರ ಎಡಗಾಲು ನೋಯುತ್ತಿತ್ತು ಎಂಬುದನ್ನು ನಾನು ಮರೆತೇಬಿಟ್ಟಿದ್ದೆ. ಕೈ ಬೀಸಿದರು, ನಡೆದು ತೋರಿಸಿದರು, ಬೇಡಿದರು. ಆ ವೇಗದಲ್ಲಿ ಅದರಲ್ಲಿ ನಗುವಂಥದ್ದು ಏನೂ ಇರಲಿಲ್ಲ. ಒಬ್ಬ ಮನುಷ್ಯ ತನಗೆ ಬಹಳ ಬೇಕಾದ್ದೊಂದನ್ನು ಕೇಳುತ್ತಿದ್ದಾನೆ, ಅಷ್ಟೇ. ಆ ಶುಕ್ರವಾರ ನಾನು ನಕ್ಕ ಜಾಗ ಬಂತು. ಅಬ್ಬಾ ಸ್ವಿಚ್ಚು ಆರಿಸಿದ ಜಾಗ ಬಂತು.

ಚಿತ್ರ ಮುಂದೆ ಹೋಯಿತು.

ಅಬ್ಬಾ ಕೈ ಕೆಳಗೆ ಬಿಟ್ಟರು. ನಮ್ಮ ಕಡೆ ಬೆನ್ನು ಮಾಡಿ ಜನರ ಕಡೆ ತಿರುಗಿ ಸ್ವಲ್ಪ ಹೊತ್ತು ನಿಂತರು. ಬೆನ್ನು ಅಲುಗುವುದು ಕಂಡಿತು, ಅವರು ನಗುತ್ತಿದ್ದರು. ಆಮೇಲೆ ಟೊಪ್ಪಿಗೆ ಸರಿಮಾಡಿಕೊಂಡು ಜನರ ಕಡೆಗೇ ನಡೆದರು. ಆಗ, ಅಷ್ಟು ಬೇಡಿದರೂ ಅಲ್ಲಾಡದ ಜೇವರ್ಗಿ ಅಲ್ಲಾಡಿತು. ಕೊಳಕೂರಿನ ಮುದುಕರು ಚೀಲವನ್ನು ಆಚೆ ಹೆಗಲಿಗೆ ಬದಲಿಸಿ ಒಂದು ಹೆಜ್ಜೆ ಪಕ್ಕಕ್ಕೆ ಸರಿದರು. ಅವರು ಸರಿದದ್ದಕ್ಕೆ ಹೋಟೆಲಿನವನು ಸರಿದ, ಅವನ ಪಕ್ಕದವರು ಸರಿದರು, ಸಾಲಿಗೆ ಸಾಲೇ ಒಂದೊಂದು ಹೆಜ್ಜೆ ಸರಿದು ನಡುವೆ ಒಬ್ಬರು ನಿಲ್ಲುವಷ್ಟು ಜಾಗ ಮಾಡಿತು. ಅಬ್ಬಾ ಅಲ್ಲಿ ಹೋಗಿ ನಿಂತರು. ಮುದುಕರು ಅವರ ಹೆಗಲ ಮೇಲೆ ಕೈ ಇಟ್ಟರು. ಎಲ್ಲರೂ ನಮ್ಮ ಕಡೆ ನೋಡುತ್ತ ನಿಂತರು, ಅಬ್ಬಾನೂ, ಸುರುಳಿ ಮುಗಿದು ಪರದೆ ಬೆಳ್ಳಗಾಗುವವರೆಗೆ.

ಆ ಶುಕ್ರವಾರ ಅಬ್ಬಾ ಇದನ್ನು ನಮಗೆ ತೋರಿಸಲೆಂದೇ ಕರೆದಿದ್ದರು. ಕೊನೆಯಲ್ಲಿ ಏನಿದೆ ಎಂದು ಆ ಕೋಣೆಯಲ್ಲಿ ಗೊತ್ತಿದ್ದದ್ದು ಅವರೊಬ್ಬರಿಗೇ.

"ಇದನ್ನೂ ನಾ ಕತ್ತರಿಸಿ ಬಿಟ್ಟಿದ್ದೆ ಮೇಡಂ" ಎಂದ ಅಂಗಡಿಯವನು, ಮುಖ ಎತ್ತದೆ. "ನಿಂತಾರ ಅಂತ."

ಬೈಯಬೇಕೆಂದು ಬಾಯಿ ತೆರೆದೆ. ನಾನು ತೋರಿಸುವ ಜಾಗದಿಂದ ಕೊನೆಯವರೆಗೆ ಎಷ್ಟು ಹೊತ್ತು ಇದೆ, ನೋಡಿ ಹೇಳು ಎಂದು ಮಾತ್ರ ಕೇಳಿದೆ. ಅವನು ಹಿಂದಕ್ಕೆ ಎಳೆದು ನೋಡಿದ. ಅಬ್ಬಾ ಸ್ವಿಚ್ಚು ಆರಿಸಿದ ಜಾಗವನ್ನು ನಾನೇ ಬೆರಳಿಟ್ಟು ತೋರಿಸಿದೆ, ಅಲ್ಲಿಂದ ಸುರುಳಿಯ ಕೊನೆಯವರೆಗೆ ಎಣಿಸಿದ.

"ಎಲ್ಲಾ ಕೂಡಿ ಐವತ್ತೆರಡು ಸೆಕೆಂಡ್ ರೀ."

ಆ ಶುಕ್ರವಾರ ನಾನು ಇನ್ನೊಂದು ನಿಮಿಷ ಬಾಯಿ ಮುಚ್ಚಿಕೊಂಡು ಕೂತಿದ್ದರೆ ಸಾಕಿತ್ತು.